ಬ್ಯಾಂಗರ್ ಸಿಟಿ: ವೇಲ್ಸ್‌ನ ಈ ಪುಟ್ಟ ಕ್ಲಬ್ ಬಗ್ಗೆ ಪದೇ ಪದೇ ಕೇಳುವ ಪ್ರಶ್ನೆಗಳು

ವೇಲ್ಸ್ ಫುಟ್ಬಾಲ್ ಅಂದರೆ ಈಗ ಎಲ್ಲರಿಗೂ ರೆಕ್ಸಮ್ ನೆನಪಾಗುತ್ತದೆ. ಹಾಲಿವುಡ್ ನಟರು ಕೊಂಡುಕೊಂಡ ಕ್ಲಬ್ ಅಲ್ವಾ, ಸಹಜ. ಅಲ್ಲಿಂದ ಆಸಕ್ತಿ ಹುಟ್ಟಿ "ಬೇರೆ ವೇಲ್ಸ್ ಕ್ಲಬ್‌ಗಳ ಕಥೆ ಏನು" ಅಂತ ಕೇಳುವವರು ಈಗೀಗ ಜಾಸ್ತಿ. ಅವರಿಗೆ ನಾನು ಮೊದಲು ಹೇಳುವ ಹೆಸರು ಬ್ಯಾಂಗರ್ ಸಿಟಿ. ಆಮೇಲೆ ಬರುವ ಪ್ರಶ್ನೆಗಳು ಹೆಚ್ಚು ಕಡಿಮೆ ಒಂದೇ ಥರ ಇರುತ್ತವೆ. ಅವಕ್ಕೆಲ್ಲ ಉತ್ತರ ಇಲ್ಲಿದೆ.

ಯಾವ ಬ್ಯಾಂಗರ್? ಎಲ್ಲಿದೆ ಇದು?

ವೇಲ್ಸ್‌ನ ವಾಯವ್ಯ ಮೂಲೆಯಲ್ಲಿ, ಗ್ವಿನೆದ್ ಪ್ರದೇಶದಲ್ಲಿ. ಉತ್ತರ ಐರ್ಲೆಂಡಿನಲ್ಲೂ ಅಮೆರಿಕದಲ್ಲೂ ಇದೇ ಹೆಸರಿನ ಊರುಗಳಿವೆ, ಹುಡುಕುವಾಗ ಗೊಂದಲ ಮಾಡಿಕೊಳ್ಳಬೇಡಿ. ಮೆನೈ ಜಲಸಂಧಿಯ ದಡದಲ್ಲಿರುವ ಊರು, ಆಚೆ ಕಡೆ ಆಂಗ್ಲಸೀ ದ್ವೀಪ. ಹೆಸರಿಗೆ ನಗರ, ಆದರೆ ಜನ ಇಪ್ಪತ್ತು ಸಾವಿರಕ್ಕಿಂತ ಕಡಿಮೆ. ಹಳೆಯ ಕೆಥೆಡ್ರಲ್ ಇದೆ, ವಿಶ್ವವಿದ್ಯಾಲಯ ಇದೆ. ಹಿಂದೆ ಹತ್ತಿರದ ಬೆಥೆಸ್ಡಾದ ಗಣಿಗಳಿಂದ ಸ್ಲೇಟ್ ಕಲ್ಲು ಇಲ್ಲಿಯ ಬಂದರಿನಿಂದಲೇ ಹಡಗು ಹತ್ತುತ್ತಿತ್ತು. ವೆಲ್ಷ್ ಭಾಷೆ ಇವತ್ತಿಗೂ ಬೀದಿಯಲ್ಲಿ ಕೇಳಿಬರುವ ಭಾಗ ಇದು.

ಕ್ಲಬ್ ಎಷ್ಟು ಹಳೆಯದು?

1876. ವೇಲ್ಸ್ ಫುಟ್ಬಾಲ್ ಸಂಸ್ಥೆ ಹುಟ್ಟಿದ್ದೂ ಅದೇ ವರ್ಷ. ಅಂದರೆ ದೇಶದ ಫುಟ್ಬಾಲ್ ಆಡಳಿತಕ್ಕೂ ಈ ಕ್ಲಬ್ಬಿಗೂ ಒಂದೇ ವಯಸ್ಸು. ವೆಲ್ಷ್ ಕಪ್ ಅನ್ನು ಮೊದಲ ಸಲ ಗೆದ್ದಿದ್ದು 1889ರಲ್ಲಿ, ಫೈನಲ್‌ನಲ್ಲಿ ನಾರ್ತ್‌ವಿಚ್ ವಿಕ್ಟೋರಿಯಾ ಅನ್ನುವ ಇಂಗ್ಲಿಷ್ ಕ್ಲಬ್ಬನ್ನು 2-1ರಿಂದ ಸೋಲಿಸಿ. ಈ ನಾರ್ತ್‌ವಿಚ್ ಹೆಸರು ಸ್ವಲ್ಪ ನೆನಪಿಟ್ಟುಕೊಳ್ಳಿ, ಮುಂದೆ ಮತ್ತೆ ಬರುತ್ತದೆ. ಒಟ್ಟು ಎಂಟು ಸಲ ಈ ಕಪ್ ಬ್ಯಾಂಗರ್‌ಗೆ ಬಂದಿದೆ: 1889, 1896, 1962, 1998, 2000, ಆಮೇಲೆ 2008, 2009, 2010 ಸತತವಾಗಿ.

ಬ್ಯಾಂಗರ್ ಸೆಮಿ ಪ್ರೊಫೆಷನಲ್ ಕ್ಲಬ್ ಅಂತಾರೆ, ಹಾಗಂದರೆ ಏನು? ಸಂಬಳ ಸಿಗುತ್ತಾ ಇಲ್ವಾ?

ಸಿಗುತ್ತದೆ, ಆದರೆ ಅದರಲ್ಲೇ ಸಂಸಾರ ನಡೆಯುವಷ್ಟಲ್ಲ. ಆಟಗಾರರಿಗೆ ಹಗಲು ಬೇರೆ ಕೆಲಸ ಇರುತ್ತದೆ. ವಾರದಲ್ಲಿ ಒಂದೆರಡು ಸಂಜೆ ಅಭ್ಯಾಸ, ವಾರಾಂತ್ಯದಲ್ಲಿ ಪಂದ್ಯ. ವೇಲ್ಸ್‌ನ ದೇಶೀ ಲೀಗ್‌ನಲ್ಲಿ ಹೆಚ್ಚಿನ ಕ್ಲಬ್‌ಗಳು ಇವತ್ತಿಗೂ ಹೀಗೇ ನಡೆಯುತ್ತವೆ. ಹೀಗಾಗಿ ಕೆಳಗೆ ಬರುವ ನೇಪಲ್ಸ್, ಮ್ಯಾಡ್ರಿಡ್ ಕಥೆಗಳನ್ನು ಓದುವಾಗ ಇದೊಂದು ಮಾತು ತಲೆಯಲ್ಲಿರಲಿ. ಎದುರಿಗಿದ್ದವರಿಗೆ ಫುಟ್ಬಾಲೇ ಉದ್ಯೋಗ, ಇವರಿಗೆ ಕೆಲಸ ಮುಗಿಸಿ ಬಂದ ಮೇಲಿನ ಆಟ.

ನೇಪಲ್ಸ್ ತಂಡವನ್ನು ಸೋಲಿಸಿದ್ದು ನಿಜವೇ?

ನಿಜ. ನಾಪೊಲಿಯನ್ನೇ. ಇದನ್ನು ಸ್ವಲ್ಪ ನಿಧಾನವಾಗಿಯೇ ಹೇಳುತ್ತೇನೆ, ಯಾಕೆಂದರೆ ಸುಮ್ನೆ "2-0 ಗೆದ್ದರು" ಅಂದರೆ ಅರ್ಧ ಕಥೆಯೂ ಆಗುವುದಿಲ್ಲ.

1962ರಲ್ಲಿ ಬ್ಯಾಂಗರ್ ಆಡುತ್ತಿದ್ದದ್ದು ಚೆಷೈರ್ ಕೌಂಟಿ ಲೀಗ್‌ನಲ್ಲಿ. ಗಡಿಯಾಚೆಯ ಇಂಗ್ಲೆಂಡಿನ ಒಂದು ಪ್ರಾದೇಶಿಕ ಲೀಗ್ ಅದು. ಮ್ಯಾನೇಜರ್ ಟಿ. ಜಿ. ಜೋನ್ಸ್. ಅವರು ಎವರ್ಟನ್ ಮತ್ತು ವೇಲ್ಸ್ ತಂಡದ ಸೆಂಟರ್ ಹಾಫ್ ಆಗಿದ್ದವರು, 1939ರಲ್ಲಿ ಎವರ್ಟನ್ ಇಂಗ್ಲಿಷ್ ಲೀಗ್ ಗೆದ್ದಾಗ ಆ ತಂಡದಲ್ಲಿದ್ದವರು. 1948ರಲ್ಲಿ ಇಟಲಿಯ ರೋಮಾ ಕ್ಲಬ್ ಅವರನ್ನು ಕೊಳ್ಳಲು ಮುಂದಾಗಿತ್ತು, ಆದರೆ ವ್ಯವಹಾರ ಕೊನೆಯಲ್ಲಿ ಮುರಿದುಬಿತ್ತು. ಇಟಲಿಗೆ ಆಟಗಾರನಾಗಿ ಹೋಗಲಾಗದ ಆ ಮನುಷ್ಯ ಹದಿನಾಲ್ಕು ವರ್ಷದ ಮೇಲೆ ಬ್ಯಾಂಗರ್ ತಂಡ ಕಟ್ಟಿಕೊಂಡು ಇಟಲಿಯವರ ಎದುರು ನಿಂತರು.

ಆ ಅವಕಾಶ ಸಿಕ್ಕಿದ್ದು ವೆಲ್ಷ್ ಕಪ್ ಗೆದ್ದಿದ್ದರಿಂದ. ಫೈನಲ್ ರೆಕ್ಸಮ್ ಜೊತೆ, ಎರಡು ಪಂದ್ಯ. ರೆಕ್ಸಮ್‌ನಲ್ಲಿ 3-0 ಸೋಲು, ಬ್ಯಾಂಗರ್‌ನಲ್ಲಿ 2-0 ಗೆಲುವು. ಗೋಲು ಕೂಡಿಸಿದ್ದರೆ ಕಪ್ ರೆಕ್ಸಮ್‌ಗೇ ಹೋಗುತ್ತಿತ್ತು. ಆದರೆ ಆಗ ಕೂಡಿಸುತ್ತಿರಲಿಲ್ಲ, ಇಬ್ಬರೂ ಒಂದೊಂದು ಗೆದ್ದಂತೆ ಲೆಕ್ಕ. ಹಾಗಾಗಿ ರಿಲ್ ಊರಿನಲ್ಲಿ ಮೂರನೇ ಪಂದ್ಯ ಆಯಿತು, ಅದನ್ನು ಬ್ಯಾಂಗರ್ 3-1ರಿಂದ ಗೆದ್ದಿತು. ಕಪ್ ಗೆದ್ದವರಿಗೆ ಯುರೋಪಿನ ಕಪ್ ವಿನ್ನರ್ಸ್ ಕಪ್‌ಗೆ ಪ್ರವೇಶ.

ಎದುರಾಳಿ ನಾಪೊಲಿ. ಅವರು ಎರಡನೇ ಡಿವಿಷನ್‌ನಲ್ಲಿದ್ದುಕೊಂಡೇ ಇಟಲಿ ಕಪ್ ಗೆದ್ದು ಬಂದಿದ್ದರು. 1962ರ ಸೆಪ್ಟೆಂಬರ್ 5ರಂದು ಬ್ಯಾಂಗರ್‌ನ ತವರು ಮೈದಾನ ಫ್ಯಾರರ್ ರೋಡ್‌ನಲ್ಲಿ ಮೊದಲ ಪಂದ್ಯ. ರಾಯ್ ಮ್ಯಾಥ್ಯೂಸ್ ಒಂದು ಗೋಲು, ಕೆನ್ ಬರ್ಚ್ ಪೆನಾಲ್ಟಿಯಲ್ಲಿ ಇನ್ನೊಂದು. 2-0. ಮೂರು ವಾರದ ನಂತರ ನೇಪಲ್ಸ್‌ನ ಸಾನ್ ಪಾವ್ಲೊ ಮೈದಾನದಲ್ಲಿ (ಈಗ ಅದಕ್ಕೆ ಮರಡೋನಾ ಹೆಸರಿದೆ) ನಾಪೊಲಿ 3-1ರಿಂದ ಗೆದ್ದಿತು. ಬ್ಯಾಂಗರ್‌ನ ಗೋಲು ಜಿಮ್ಮಿ ಮಕಾಲಿಸ್ಟರ್ ಹೊಡೆದದ್ದು. ಒಟ್ಟು 3-3.

ಈಗ ಗಮನಿಸಿ. ಎದುರಾಳಿಯ ಮೈದಾನದಲ್ಲಿ ಬ್ಯಾಂಗರ್ ಒಂದು ಗೋಲು ಹೊಡೆದಿದೆ, ನಾಪೊಲಿ ಬ್ಯಾಂಗರ್‌ಗೆ ಬಂದು ಒಂದೂ ಹೊಡೆದಿಲ್ಲ. ಪರ ಊರಿನ ಗೋಲಿಗೆ ಹೆಚ್ಚು ಬೆಲೆ ಕೊಡುವ ನಿಯಮ ಆಗಲೇ ಇದ್ದಿದ್ದರೆ ಬ್ಯಾಂಗರ್ ಮುಂದಿನ ಸುತ್ತಿಗೆ ಹೋಗುತ್ತಿತ್ತು. ಆ ನಿಯಮ ಬಂದದ್ದು 1965ರಲ್ಲಿ. ಹಾಗಾಗಿ ಅಕ್ಟೋಬರ್ 10ರಂದು ಲಂಡನ್ನಿನಲ್ಲಿ, ಆರ್ಸೆನಲ್ ತಂಡದ ಹೈಬರಿ ಮೈದಾನದಲ್ಲಿ ಮೂರನೇ ಪಂದ್ಯ ಆಡಿಸಿದರು. ಸುಮಾರು 22,000 ಜನ ಬಂದಿದ್ದರು. ನಾಪೊಲಿ 2-1ರಿಂದ ಗೆದ್ದಿತು.

ಸೋತರು, ಹೌದು. ಆದರೆ ಬ್ಯಾಂಗರ್‌ನಲ್ಲಿ ಅರವತ್ತು ವರ್ಷ ಕಳೆದರೂ ಮಾತಾಡುವುದು ಆ 2-0 ಬಗ್ಗೆಯೇ, ಮತ್ತು ಅದು ಸರಿಯೂ ಹೌದು.

ಅದೊಂದೇ ಸಲವಾ, ಮತ್ತೆ ಯುರೋಪಿಗೆ ಹೋದರಾ?

ಹೋದರು. 1985ರಲ್ಲಿ. ಅದಕ್ಕೂ ಹಿಂದಿನ ವರ್ಷದ್ದು ಮೊದಲು ಹೇಳಿಬಿಡುತ್ತೇನೆ.

1984ರಲ್ಲಿ ಬ್ಯಾಂಗರ್ ಎಫ್‌ಎ ಟ್ರೋಫಿ ಫೈನಲ್ ತಲುಪಿತು. ಇದು ಇಂಗ್ಲೆಂಡಿನಲ್ಲಿ ಲೀಗ್‌ನ ಕೆಳಗಿನ ಹಂತದ ಕ್ಲಬ್‌ಗಳಿಗಾಗಿ ಇರುವ ಕಪ್. ಫೈನಲ್ ನಡೆಯುವುದು ವೆಂಬ್ಲಿಯಲ್ಲಿ. 1927ರಲ್ಲಿ ಕಾರ್ಡಿಫ್ ಸಿಟಿ ಎಫ್‌ಎ ಕಪ್ ಗೆದ್ದ ಮೇಲೆ ವೆಂಬ್ಲಿ ಫೈನಲ್‌ಗೆ ಬಂದ ಮೊದಲ ವೇಲ್ಸ್ ಕ್ಲಬ್ ಬ್ಯಾಂಗರ್. ಎದುರಾಳಿ ಯಾರು ಗೊತ್ತಾ? ನಾರ್ತ್‌ವಿಚ್ ವಿಕ್ಟೋರಿಯಾ! ತೊಂಬತ್ತೈದು ವರ್ಷದ ಹಿಂದೆ ಮೊದಲ ಕಪ್‌ಗಾಗಿ ಸೋಲಿಸಿದ್ದ ಅದೇ ಕ್ಲಬ್. ವೆಂಬ್ಲಿಯಲ್ಲಿ 1-1 ಡ್ರಾ. ಸ್ಟೋಕ್‌ನಲ್ಲಿ ನಡೆದ ಮರುಪಂದ್ಯದಲ್ಲಿ ನಾರ್ತ್‌ವಿಚ್ 2-1ರಿಂದ ಗೆದ್ದಿತು, 1889ರ ಅಂಕಿಯೇ ತಿರುಗುಮುರುಗಾಗಿ.

ಮರುವರ್ಷ ವೆಲ್ಷ್ ಕಪ್ ಫೈನಲ್‌ನಲ್ಲೂ ಸೋಲೇ, ಶ್ರೂಸ್‌ಬರಿ ಟೌನ್ ಎದುರು. ಆದರೆ ಶ್ರೂಸ್‌ಬರಿ ಇಂಗ್ಲಿಷ್ ಕ್ಲಬ್. ವೆಲ್ಷ್ ಕಪ್‌ನಲ್ಲಿ ಆಗ ಗಡಿಯ ಇಂಗ್ಲಿಷ್ ಕ್ಲಬ್‌ಗಳೂ ಆಡುತ್ತಿದ್ದವು, ಆದರೆ ಯುರೋಪಿಗೆ ವೇಲ್ಸ್ ಹೆಸರಲ್ಲಿ ಹೋಗುವಂತಿರಲಿಲ್ಲ. ಹೀಗೆ ಫೈನಲ್ ಸೋತ ಬ್ಯಾಂಗರ್‌ಗೆ ಅವಕಾಶ ಬಂತು.

ಮೊದಲ ಸುತ್ತು ನಾರ್ವೆಯ ಫ್ರೆಡ್ರಿಕ್‌ಸ್ಟಾಡ್ ಜೊತೆ. ಅಲ್ಲಿ 1-1, ಇಲ್ಲಿ 0-0. ಒಟ್ಟು ಸಮ. ಯಾರು ಮುಂದೆ? ಬ್ಯಾಂಗರ್, ಪರ ಊರಿನ ಗೋಲಿನ ಲೆಕ್ಕದಲ್ಲಿ! 1962ರಲ್ಲಿ ಇಲ್ಲದೇ ಹೋದ ನಿಯಮ 23 ವರ್ಷದ ನಂತರ ಕೈ ಹಿಡಿಯಿತು. (2021ರಲ್ಲಿ ಯುರೋಪಿನ ಫುಟ್ಬಾಲ್ ಆಡಳಿತ ಸಂಸ್ಥೆ ಯುಯೆಫಾ ಆ ನಿಯಮವನ್ನೇ ತೆಗೆದುಹಾಕಿತು.) ಮುಂದಿನ ಸುತ್ತಿನಲ್ಲಿ ಬಂದದ್ದು ಅಟ್ಲೆಟಿಕೊ ಮ್ಯಾಡ್ರಿಡ್. ಫ್ಯಾರರ್ ರೋಡ್‌ನಲ್ಲಿ 0-2, ಮ್ಯಾಡ್ರಿಡ್‌ನಲ್ಲಿ 0-1. ಆ ಸಲ ಫೈನಲ್ ತಲುಪಿದ ತಂಡ ಅದು. ನಾರ್ದರ್ನ್ ಪ್ರೀಮಿಯರ್ ಲೀಗ್‌ನಲ್ಲಿ ಆಡುವ ಕ್ಲಬ್ ಅಂಥವರ ಊರಿಗೆ ಹೋಗಿ ಒಂದೇ ಗೋಲಿನ ಅಂತರದಲ್ಲಿ ಸೋತು ಬಂದಿದೆ. ಇದನ್ನು ಸೋಲು ಅಂತ ಬರೆಯಲು ನನಗೆ ಮನಸ್ಸೇ ಬರುವುದಿಲ್ಲ.

ವೇಲ್ಸ್ ಕ್ಲಬ್ ಇಂಗ್ಲೆಂಡಿನ ಲೀಗ್‌ನಲ್ಲಿ ಯಾಕೆ ಆಡುತ್ತಿತ್ತು?

ಒಳ್ಳೆಯ ಪ್ರಶ್ನೆ. ಉತ್ತರ ಸರಳ: 1992ರವರೆಗೆ ವೇಲ್ಸ್‌ಗೆ ತನ್ನದೇ ಆದ ರಾಷ್ಟ್ರೀಯ ಲೀಗ್ ಇರಲಿಲ್ಲ. ಉತ್ತರ ಮತ್ತು ದಕ್ಷಿಣ ವೇಲ್ಸ್ ನಡುವೆ ಬೆಟ್ಟಗುಡ್ಡ, ಪ್ರಯಾಣ ಕಷ್ಟ. ಉತ್ತರದ ಊರುಗಳಿಗೆ ಲಿವರ್‌ಪೂಲ್, ಚೆಸ್ಟರ್ ಕಡೆ ಹೋಗುವುದೇ ಸುಲಭ. ಹಾಗಾಗಿ ಬ್ಯಾಂಗರ್ ಲ್ಯಾಂಕಷೈರ್, ಬರ್ಮಿಂಗ್‌ಹ್ಯಾಮ್, ಚೆಷೈರ್ ಕಡೆಯ ಲೀಗ್‌ಗಳಲ್ಲೆಲ್ಲ ಆಡಿತು. 1968ರಲ್ಲಿ ನಾರ್ದರ್ನ್ ಪ್ರೀಮಿಯರ್ ಲೀಗ್ ಶುರುವಾದಾಗ ಅದರಲ್ಲಿತ್ತು, 1979ರಲ್ಲಿ ಅಲಯನ್ಸ್ ಪ್ರೀಮಿಯರ್ ಲೀಗ್ ಶುರುವಾದಾಗ ಅದರಲ್ಲೂ ಇತ್ತು.

ಮತ್ತೆ 1992ರಲ್ಲಿ ಏನಾಯಿತು?

ವೇಲ್ಸ್ ಸಂಸ್ಥೆ ಲೀಗ್ ಆಫ್ ವೇಲ್ಸ್ ಶುರು ಮಾಡಿತು. ಅದರ ಹಿಂದೆ ಒಂದು ಭಯ ಇತ್ತು. ಬ್ರಿಟನ್ ಒಂದೇ ದೇಶ, ಆದರೆ ಫುಟ್ಬಾಲ್‌ನಲ್ಲಿ ಮಾತ್ರ ಇಂಗ್ಲೆಂಡ್, ಸ್ಕಾಟ್ಲೆಂಡ್, ವೇಲ್ಸ್, ಉತ್ತರ ಐರ್ಲೆಂಡ್ ಅಂತ ನಾಲ್ಕು ತಂಡ. ಸ್ವಂತ ಲೀಗ್ ಇಲ್ಲದ ವೇಲ್ಸ್‌ಗೆ ಪ್ರತ್ಯೇಕ ತಂಡ ಯಾಕೆ ಅಂತ ಯಾರಾದರೂ ಕೇಳಿದರೆ ಏನು ಹೇಳುವುದು? ಆ ಪ್ರಶ್ನೆಗೆ ಉತ್ತರವಾಗಿ ಬಂದದ್ದು ಈ ಲೀಗ್.

ಎಲ್ಲರಿಗೂ ಇದು ಇಷ್ಟವಾಗಲಿಲ್ಲ. ಇಂಗ್ಲಿಷ್ ಲೀಗ್‌ಗಳಲ್ಲಿ ನೆಲೆಯೂರಿದ್ದ ಎಂಟು ಕ್ಲಬ್‌ಗಳು ವಿರೋಧಿಸಿದವು, ಬ್ಯಾಂಗರ್ ಕೂಡ ಅವುಗಳಲ್ಲೊಂದು. ಅವರನ್ನು "ಸಿಟ್ಟಿಗೆದ್ದ ಎಂಟು ಮಂದಿ" ಅಂತಲೇ ಕರೆಯುತ್ತಿದ್ದರು. ಕೆಲವರು ಕೋರ್ಟಿನವರೆಗೂ ಹೋದರು. ಬ್ಯಾಂಗರ್ ಮತ್ತು ನ್ಯೂಟೌನ್ ಕೊನೆಗೆ ಒಪ್ಪಿ ಮೊದಲ ಸೀಸನ್‌ನಿಂದಲೇ ಒಳಗೆ ಬಂದರು. ನನ್ನ ಅಭಿಪ್ರಾಯ ಕೇಳಿದರೆ ಅದು ಸರಿಯಾದ ನಿರ್ಧಾರ. ಸಂಸ್ಥೆಯ ವಯಸ್ಸಿನದೇ ಕ್ಲಬ್ ಹೊರಗೆ ನಿಂತಿದ್ದರೆ ಲೀಗ್‌ಗೂ ಬಲ ಬರುತ್ತಿರಲಿಲ್ಲ, ಕ್ಲಬ್ಬಿಗೂ ಮುಂದಿನ ಯುರೋಪ್ ಪಂದ್ಯಗಳು ಸಿಗುತ್ತಿರಲಿಲ್ಲ.

ಲೀಗ್ ಎಷ್ಟು ಸಲ ಗೆದ್ದಿದೆ?

ಮೂರು ಸಲ. 1993-94, 1994-95, ಮತ್ತು 2010-11.

ಮೊದಲ ಎರಡರಲ್ಲಿ ಆಟಗಾರ-ಮ್ಯಾನೇಜರ್ ಆಗಿದ್ದವರು ನೈಜೆಲ್ ಆಡ್ಕಿನ್ಸ್. ಗೋಲ್‌ಕೀಪರ್. ಹೆಸರು ಕೇಳಿದ ಹಾಗಿದೆ ಅನಿಸಿದರೆ ಸರಿಯೇ, ಮುಂದೆ ಸೌತಾಂಪ್ಟನ್ ತಂಡವನ್ನು ಪ್ರೀಮಿಯರ್ ಲೀಗ್‌ಗೆ ಕರೆದೊಯ್ದವರು ಅವರೇ.

2011ರದ್ದು ನೋಡಲೇಬೇಕಾದ ಕಥೆ. ಲೀಗ್ ಅನ್ನು ಆ ವರ್ಷ 12 ತಂಡಗಳಿಗೆ ಇಳಿಸಿದ್ದರು, ಮ್ಯಾನೇಜರ್ ನೆವಿಲ್ ಪವೆಲ್. ಸೀಸನ್‌ನ ಮೊದಲರ್ಧ ಬ್ಯಾಂಗರ್ ಯಾರ ಕೈಗೂ ಸಿಗದಷ್ಟು ಮುಂದಿತ್ತು. ಆಮೇಲೆ ಆ ಅಂತರ ಕರಗುತ್ತಾ ಬಂತು. ಕೊನೆಯ ದಿನ ಫ್ಯಾರರ್ ರೋಡ್‌ನಲ್ಲಿ ಎದುರಿಗೆ ನಿಂತದ್ದು ಟಿಎನ್‌ಎಸ್ (ದ ನ್ಯೂ ಸೇಂಟ್ಸ್), ಹಣಬಲದಲ್ಲೂ ಆಟದಲ್ಲೂ ಲೀಗ್‌ನ ದೊಡ್ಡ ಕ್ಲಬ್. ಅವರಿಗೆ ಡ್ರಾ ಸಾಕು, ಬ್ಯಾಂಗರ್ ಗೆಲ್ಲಲೇಬೇಕು. ಕ್ರೇಗ್ ಗಾರ್ಸೈಡ್ ಗೋಲು. 1-0. ಹದಿನಾರು ವರ್ಷದ ಮೇಲೆ ಚಾಂಪಿಯನ್.

ಅದರ ಫಲವಾಗಿ ಚಾಂಪಿಯನ್ಸ್ ಲೀಗ್ ಅರ್ಹತಾ ಸುತ್ತಿಗೆ ಹೋಗಿ ಹೆಲ್ಸಿಂಕಿಯ ಎಚ್‌ಜೆಕೆ ಎದುರು 0-3, 0-10. ಇದನ್ನೂ ಹೇಳಬೇಕಲ್ಲ, ಮುಚ್ಚಿಡುವಂಥದ್ದೇನಿಲ್ಲ. ಅದರ ಹಿಂದಿನ ವರ್ಷವಷ್ಟೇ ಫಿನ್ಲೆಂಡಿನದೇ ಹೊಂಕಾ ತಂಡವನ್ನು ಯುರೋಪಾ ಲೀಗ್‌ನಿಂದ ಹೊರಗೆ ಹಾಕಿದ್ದರು.

ಮೆಸ್ಸಿ ಜೊತೆ ಒಂದೇ ಪಟ್ಟಿಯಲ್ಲಿ ಬ್ಯಾಂಗರ್ ಆಟಗಾರನ ಹೆಸರು ಇತ್ತಂತೆ?

ಇತ್ತು. ಲೆಸ್ ಡೇವಿಸ್. ದೊಡ್ಡ ಮೈಕಟ್ಟಿನ ಮುಂಚೂಣಿ ಆಟಗಾರ, ಊರಿನವರ ಅಚ್ಚುಮೆಚ್ಚು. 2012ರಲ್ಲಿ ಯುಯೆಫಾದ ಯುರೋಪಿನ ಅತ್ಯುತ್ತಮ ಆಟಗಾರ ಪ್ರಶಸ್ತಿಗೆ ಪತ್ರಕರ್ತರು ಮತ ಹಾಕಿದಾಗ, ಮತ ಪಡೆದ ಮೂವತ್ತೆರಡು ಮಂದಿಯ ಪಟ್ಟಿಯಲ್ಲಿ ಅವರ ಹೆಸರೂ ಬಂತು. ಪ್ರಪಂಚದ ಪತ್ರಿಕೆಗಳೆಲ್ಲ ಒಂದು ದಿನ ಬ್ಯಾಂಗರ್ ಕಡೆ ತಿರುಗಿದವು. ಕೆಲವರು ಇದನ್ನು ತಮಾಷೆಯಾಗಿ ನೋಡಿದರು. ನನಗೆ ಹಾಗನಿಸುವುದಿಲ್ಲ. ಪುಟ್ಟ ಲೀಗ್‌ನಲ್ಲಿ ಬೆವರು ಹರಿಸುವವನನ್ನೂ ನೋಡುವ ಕಣ್ಣು ಎಲ್ಲೋ ಒಂದಿತ್ತು, ಅದು ಸಂತೋಷದ ಸಂಗತಿ.

ಫ್ಯಾರರ್ ರೋಡ್ ಮೈದಾನ ಈಗಲೂ ಇದೆಯಾ?

ಇಲ್ಲ. 2011ರ ಡಿಸೆಂಬರ್‌ನಲ್ಲಿ ಅಲ್ಲಿ ಕೊನೆಯ ಪಂದ್ಯ ಆಯಿತು. ಈಗ ಆ ಜಾಗದಲ್ಲಿ ಸೂಪರ್ ಮಾರ್ಕೆಟ್ ಇದೆ. ಊರಿನ ನಡುವೆ ಇದ್ದ, ಸುಮಾರು ತೊಂಬತ್ತು ವರ್ಷ ಬಾಳಿದ ಮೈದಾನ. ಸ್ಟ್ಯಾಂಡುಗಳು ಹಳೆಯದಾಗಿದ್ದವು. ಯುಯೆಫಾ ಮಟ್ಟಕ್ಕೆ ಬಾರದೆ ಎಚ್‌ಜೆಕೆ ಎದುರಿನ "ತವರು" ಪಂದ್ಯವನ್ನೇ ರಿಲ್‌ನಲ್ಲಿ ಆಡಬೇಕಾಗಿ ಬಂದಿತ್ತು. 2012ರ ಜನವರಿಯಲ್ಲಿ ಕ್ಲಬ್ ಮೆನೈ ದಡದ ನಾಂಟ್‌ಪೋರ್ತ್‌ಗೆ ಹೋಯಿತು. ಹೊಸ ಮೈದಾನ ಸುಂದರವಾಗಿದೆ, ಆದರೆ ನಾಪೊಲಿ ಸೋತ ನೆಲ ಅದಲ್ಲ.

ಇಷ್ಟೆಲ್ಲ ಇದ್ದ ಕ್ಲಬ್ ಈಗ ಯಾಕೆ ಆಡುತ್ತಿಲ್ಲ?

ಇದು ಬರೆಯಲು ಕಷ್ಟವಾದ ಭಾಗ.

2016ರಿಂದ ಕ್ಲಬ್ ಹೊರಗಿನ ಮಾಲೀಕರ ಕೈಗೆ ಹೋಯಿತು, ಆಮೇಲೆ ಕೈ ಬದಲಾಗುತ್ತಲೇ ಹೋಯಿತು. 2017-18ರಲ್ಲಿ ತಂಡ ಲೀಗ್‌ನಲ್ಲಿ ಎರಡನೇ ಸ್ಥಾನ ಪಡೆಯಿತು. ಎರಡನೇ ಸ್ಥಾನ! ಆದರೂ ಕೆಳಗಿನ ಡಿವಿಷನ್‌ಗೆ ಇಳಿಸಲಾಯಿತು. ಕಾರಣ, ಮೇಲಿನ ಲೀಗ್‌ನಲ್ಲಿ ಆಡಲು ಬೇಕಾದ ಲೈಸೆನ್ಸ್ ಸಿಗಲಿಲ್ಲ. ಮೈದಾನದಲ್ಲಿ ಹುಡುಗರು ಗಳಿಸಿದ್ದನ್ನು ಕಚೇರಿಯ ಲೆಕ್ಕಪತ್ರ ಕಳೆದುಹಾಕಿತು. 1992ರಿಂದ ಒಂದೂ ಸೀಸನ್ ತಪ್ಪಿಸದೆ ಮೇಲಿನ ಲೀಗ್‌ನಲ್ಲಿದ್ದ ಮೂರೇ ಕ್ಲಬ್‌ಗಳಲ್ಲಿ ಬ್ಯಾಂಗರ್ ಒಂದಾಗಿತ್ತು. ಉಳಿದೆರಡು ನ್ಯೂಟೌನ್ ಮತ್ತು ಅಬೆರಿಸ್ಟ್‌ವಿತ್. ಆ ಸರಣಿ ಅಲ್ಲಿಗೆ ಮುಗಿಯಿತು.

ನಂತರ ಇನ್ನೂ ಕೆಟ್ಟದ್ದಾಯಿತು. ಆಟಗಾರರಿಗೆ ಸಂಬಳ ಬಾಕಿ ಉಳಿಯಿತು, 2021ರ ಕೊನೆಯಲ್ಲಿ ವೇಲ್ಸ್ ಸಂಸ್ಥೆ ಕ್ಲಬ್ಬನ್ನು ಅಮಾನತು ಮಾಡಿತು. 2022ರ ಫೆಬ್ರವರಿಯಲ್ಲಿ ಕ್ಲಬ್ ಲೀಗ್‌ನಿಂದಲೇ ಹಿಂದೆ ಸರಿಯಿತು. 146 ವರ್ಷ.

ಯಾರನ್ನೋ ಬೈಯುವುದು ಸುಲಭ. ಆದರೆ ನನಗೆ ಕಾಣುವ ನಿಜವಾದ ತೊಂದರೆ ಬೇರೆ. ಒಂದು ಊರಿನ ಕ್ಲಬ್ ಒಬ್ಬರ ಕಂಪನಿಯ ಆಸ್ತಿಯಾಗಿ ಬರೆಯಲ್ಪಟ್ಟರೆ, ಊರಿನವರು ಟಿಕೆಟ್ ಕೊಳ್ಳಬಹುದು, ಕೂಗಬಹುದು, ಅಳಬಹುದು, ಆದರೆ ಒಂದು ಕಾಗದಕ್ಕೂ ಸಹಿ ಹಾಕಲಾಗದು. ಅಲ್ಲೇ ಎಲ್ಲ ಶುರುವಾಯಿತು.

ಬ್ಯಾಂಗರ್ 1876 ಅಂದರೆ ಅದೇ ಕ್ಲಬ್ಬಾ?

ಕಾನೂನಿನ ಪ್ರಕಾರ ಅಲ್ಲ. ಅದು ಹೊಸ ಕ್ಲಬ್. 2019ರಲ್ಲಿ, ಹಳೆಯ ಕ್ಲಬ್ ಇನ್ನೂ ಉಸಿರಾಡುತ್ತಿದ್ದಾಗಲೇ, ಅಭಿಮಾನಿಗಳ ಸಂಘದವರು ಮತ ಹಾಕಿ ಕಟ್ಟಿದ್ದು. ಮಾಲೀಕರು ಸದಸ್ಯರೇ. ಒಬ್ಬೊಬ್ಬರಿಗೆ ಒಂದೊಂದು ಮತ.

ಇದು ಎಷ್ಟು ನೋವಿನ ನಿರ್ಧಾರ ಅಂತ ಯೋಚಿಸಿ. ಅಪ್ಪ, ತಾತ ಹೋಗುತ್ತಿದ್ದ ಕ್ಲಬ್ಬನ್ನು ಬಿಟ್ಟು ಹೊಸದರ ಕಡೆ ನಿಲ್ಲುವುದು. ಒಂದಷ್ಟು ಕಾಲ ಊರಲ್ಲಿ ಎರಡೂ ಕ್ಲಬ್ ಇದ್ದವು, ಸ್ನೇಹಿತರ ನಡುವೆಯೇ ಬೇರೆ ಬೇರೆ ಅಭಿಪ್ರಾಯ. ಹೊಸ ಕ್ಲಬ್ ತೀರಾ ಕೆಳಗಿನಿಂದ, ಗ್ವಿನೆದ್ ಲೀಗ್‌ನಿಂದ ಶುರು ಮಾಡಿತು. ಲೆಸ್ ಡೇವಿಸ್ ಕೂಡ ಬಂದು ಅದಕ್ಕೆ ಆಡಿದರು. ಕೆಲವೇ ವರ್ಷಗಳಲ್ಲಿ ಮೆಟ್ಟಿಲು ಹತ್ತಿ ವೇಲ್ಸ್‌ನ ಎರಡನೇ ಹಂತ, ಕಮ್ರಿ ನಾರ್ತ್ ತಲುಪಿತು. ಈಗ ಆಡುವುದು ನಾಂಟ್‌ಪೋರ್ತ್‌ನಲ್ಲೇ, ನೀಲಿ ಬಣ್ಣದಲ್ಲೇ.

ಹಾಗಾದರೆ 1962ರ ಗೆಲುವು ಯಾರದ್ದು? ಗೋಲು ಹೊಡೆದವರದ್ದು, ಅವತ್ತು ಫ್ಯಾರರ್ ರೋಡ್‌ನಲ್ಲಿ ನಿಂತು ನೋಡಿದವರದ್ದು, ಅವರ ಮಕ್ಕಳು ಮೊಮ್ಮಕ್ಕಳದ್ದು. ಅವರು ಈಗ ಯಾವ ಗೇಟಿನಲ್ಲಿ ಒಳಗೆ ಹೋಗುತ್ತಾರೋ ಕ್ಲಬ್ ಅಲ್ಲಿದೆ ಅಂತ ನಾನು ನಂಬುತ್ತೇನೆ. ಒಪ್ಪದವರೂ ಇದ್ದಾರೆ, ಅವರ ದುಃಖವೂ ನಿಜವೇ.

ಇಲ್ಲಿಂದಲೇ ವೇಲ್ಸ್ ಲೀಗ್ ನೋಡಬಹುದಾ?

ನೋಡಬಹುದು. ವೆಲ್ಷ್ ಭಾಷೆಯ ಎಸ್4ಸಿ ಚಾನೆಲ್‌ನ ಸ್ಗೋರಿಯೊ ಕಾರ್ಯಕ್ರಮ ಮೇಲಿನ ಲೀಗ್‌ನ ಪಂದ್ಯಗಳನ್ನು ತೋರಿಸುತ್ತದೆ, ಯೂಟ್ಯೂಬ್‌ನಲ್ಲೂ ಅವರ ವಿಡಿಯೊಗಳಿವೆ. ಕಾಮೆಂಟರಿ ವೆಲ್ಷ್‌ನಲ್ಲಿ. ಅರ್ಥವಾಗದಿದ್ದರೂ ಗೋಲು ಬಿದ್ದಾಗಿನ ದನಿ ಅರ್ಥವಾಗುತ್ತದೆ.

ಇದೇ ಥರದ ಬೇರೆ ಕ್ಲಬ್‌ಗಳಿವೆಯಾ?

ಇವೆ, ಮತ್ತು ಒಂದೊಂದೂ ಓದುವಂಥವು. ಮರ್ಥರ್ ಟಿಡ್ವಿಲ್ 1987ರಲ್ಲಿ ಇಟಲಿಯ ಅಟಲಾಂಟಾ ಕ್ಲಬ್ಬನ್ನು ತನ್ನ ಮೈದಾನದಲ್ಲಿ 2-1ರಿಂದ ಸೋಲಿಸಿತು, ಆಮೇಲೆ ಹಣದ ತೊಂದರೆಯಲ್ಲಿ ಮುಳುಗಿ 2010ರಲ್ಲಿ ಅಭಿಮಾನಿಗಳ ಕೈಯಲ್ಲಿ ಮರ್ಥರ್ ಟೌನ್ ಆಗಿ ಮತ್ತೆ ಎದ್ದಿತು. ಬ್ಯಾರಿ ಟೌನ್ 2001ರಲ್ಲಿ ಪೋರ್ಟೊ ಊರಿಗೆ ಹೋಗಿ 8-0 ಸೋತು, ತನ್ನ ಊರಿನ ಎರಡನೇ ಪಂದ್ಯದಲ್ಲಿ ಅದೇ ಪೋರ್ಟೊವನ್ನು 3-1ರಿಂದ ಸೋಲಿಸಿತು. ಅದನ್ನೂ 2013ರಲ್ಲಿ ಉಳಿಸಿಕೊಂಡದ್ದು ಅಭಿಮಾನಿಗಳೇ, ಹೈಕೋರ್ಟಿನವರೆಗೆ ಹೋಗಿ. ರಿಲ್ 2020ರಲ್ಲಿ ಮುಚ್ಚಿತು, ಊರಿನವರು ಮತ್ತೆ ಕಟ್ಟಿದರು. ಮೊದಲು ಬ್ಯಾರಿಯದ್ದನ್ನು ಓದಿ, ಅದರಲ್ಲಿ ಕೋರ್ಟಿನ ಕಥೆ ಆಟಕ್ಕಿಂತಲೂ ಬಿಗಿಯಾಗಿದೆ.